ಎಲ್‌ಎಸ್‌ಟಿ-325: 1942ರಲ್ಲಿ ನೀರಿಗಿಳಿದ ಹಡಗು, ಇವತ್ತಿಗೂ ಸ್ವಂತ ಎಂಜಿನ್ ಮೇಲೆ ಓಡುತ್ತಿದೆ

ತೀರದ ಹಕ್ಕಿ (ಚರ್ಚೆ ಶುರು ಮಾಡಿದವರು)

ಎರಡನೇ ಮಹಾಯುದ್ಧದ ಹಡಗು ಅಂದ ಕೂಡಲೇ ಮಾತು ಬಿಸ್ಮಾರ್ಕ್, ಯಮಾಟೊ ಕಡೆಗೆ ಹೋಗಿಬಿಡುತ್ತದೆ. ದೊಡ್ಡ ಫಿರಂಗಿ, ದೊಡ್ಡ ಹೆಸರು. ನನಗೆ ಮಾತ್ರ ಹೆಸರೇ ಇಲ್ಲದೆ ಬರೀ ನಂಬರ್ ಹೊತ್ತು ಓಡಾಡಿದ ಹಡಗುಗಳ ಮೇಲೆ ಪ್ರೀತಿ ಜಾಸ್ತಿ. ಟ್ಯಾಂಕು, ಲಾರಿ, ಜನ ಎಲ್ಲವನ್ನೂ ಹೊಟ್ಟೆಯಲ್ಲಿ ತುಂಬಿಕೊಂಡು ಬಂದು ನೇರವಾಗಿ ಮರಳಿನ ಮೇಲೆ ಮೂತಿ ಇಟ್ಟು, ಬಾಗಿಲು ತೆರೆದು ಇಳಿಸಿ ಹೋಗುತ್ತಿದ್ದ ಎಲ್‌ಎಸ್‌ಟಿಗಳು (ಲ್ಯಾಂಡಿಂಗ್ ಶಿಪ್, ಟ್ಯಾಂಕ್). ಅಮೆರಿಕ ಯುದ್ಧದ ಕಾಲದಲ್ಲಿ ಇಂಥವನ್ನು 1,051 ಕಟ್ಟಿತು. ಅದರಲ್ಲಿ ಒಂದು, 325ನೇ ನಂಬರಿನದು. ಅದರ ಸೇವೆಯ ಕಥೆಯನ್ನು ಇಲ್ಲಿ ಒಂದೇ ಕಡೆ ಬರೆದಿಡುತ್ತೇನೆ. ಗೊತ್ತಿರುವವರು ಸೇರಿಸಿ.

1942ರ ಅಕ್ಟೋಬರ್ 27ರಂದು ಫಿಲಡೆಲ್ಫಿಯಾ ನೌಕಾಂಗಣದಲ್ಲಿ ನೀರಿಗಿಳಿಯಿತು. 1943ರ ಫೆಬ್ರವರಿ 1ರಂದು ಸೇವೆಗೆ ಸೇರಿತು. ಉದ್ದ ಸುಮಾರು 328 ಅಡಿ, ಅಗಲ 50 ಅಡಿ. ವೇಗ ಮಾತ್ರ 12 ನಾಟ್ (ಗಂಟೆಗೆ ಸುಮಾರು 22 ಕಿ.ಮೀ.) ಮುಟ್ಟಿದರೆ ಪುಣ್ಯ. ಉತ್ತರ ಆಫ್ರಿಕಾಕ್ಕೆ ಹೋಗಿ, ಅದೇ ಜುಲೈ 10ರಂದು ಸಿಸಿಲಿಯ ಜೆಲಾ ತೀರದ ದಾಳಿಯಲ್ಲಿತ್ತು. ಸೆಪ್ಟೆಂಬರ್‌ನಲ್ಲಿ ಇಟಲಿಯ ಸಲೆರ್ನೊ. ನವೆಂಬರ್ ಕೊನೆಯ ಹೊತ್ತಿಗೆ ಇಂಗ್ಲೆಂಡಿನ ಪ್ಲಿಮತ್.

ಆಮೇಲೆ ಫ್ರಾನ್ಸಿನ ನಾರ್ಮಂಡಿ ತೀರದ ದಾಳಿ. ಮೊದಲ ಅಲೆಯಲ್ಲಿ ಇದು ಇರಲಿಲ್ಲ, ಒಮಾಹಾ ತೀರಕ್ಕೆ ಹಿಂದಿನಿಂದ ಬಲ ತುಂಬುವ ಪಡೆಯಲ್ಲಿತ್ತು. ಆ ಮೊದಲ ಸಾಗಾಟದಲ್ಲಿ ಇದರ ಮೇಲಿದ್ದದ್ದು 59 ವಾಹನ, 31 ಅಧಿಕಾರಿಗಳು, 408 ಸೈನಿಕರು. 1944ರ ಜೂನ್ 7ರಂದು ತೀರದಿಂದ ಆಚೆ ಲಂಗರು ಹಾಕಿ, ನೀರಿನಲ್ಲೂ ನೆಲದಲ್ಲೂ ಓಡುವ ಡಕ್ ಲಾರಿಗಳಿಗೆ ಮತ್ತು ಸಣ್ಣ ದೋಣಿಗಳಿಗೆ ಎಲ್ಲವನ್ನೂ ದಾಟಿಸಿತು. ಹಿಂದಿರುಗುವಾಗ 38 ಗಾಯಾಳುಗಳನ್ನು ಹೊತ್ತು ತಂದಿತು.

ನನಗೆ ಮುಖ್ಯ ಅನಿಸುವುದು ಇದಾದ ಮೇಲಿನ ಭಾಗ. ದಾಳಿ ಶುರುವಾದ ಜೂನ್ 6ರ ಬಗ್ಗೆ ಎಲ್ಲರೂ ಬರೆಯುತ್ತಾರೆ. ಅಲ್ಲಿಂದ ಮುಂದಿನ ತಿಂಗಳುಗಳಲ್ಲಿ ಈ ಹಡಗು ಇಂಗ್ಲಿಷ್ ಕಾಲುವೆಯನ್ನು 40ಕ್ಕಿಂತ ಹೆಚ್ಚು ಸಲ ದಾಟಿ ಬಂತು. ಒಮಾಹಾ, ಯೂಟಾ, ಶೆರ್ಬೂರ್, ಸೀನ್ ನದಿಯ ಮೇಲಿನ ರುವಾನ್ ಊರಿನವರೆಗೂ ಹೋಯಿತು. ಪೆಟ್ರೋಲು ಬೇಕು, ಗುಂಡು ಬೇಕು, ಲಾರಿ ಬೇಕು, ಜನ ಬೇಕು. ತುಂಬು, ದಾಟು, ಇಳಿಸು, ವಾಪಸ್ ಬಾ. ಪ್ಯಾರಿಸ್ ದಾಟಿ ಮುಂದೆ ಹೋದ ಸೈನ್ಯ ತಿಂದದ್ದು ಈ ಓಡಾಟದಿಂದಲೇ.

---

ಡೀಸೆಲ್ ಶೆಡ್

ಒಳ್ಳೆ ವಿಷಯ ಎತ್ತಿದ್ದೀರಿ. ಎಂಜಿನ್ ಯಾವುದು?

---

ತೀರದ ಹಕ್ಕಿ

ಜನರಲ್ ಮೋಟಾರ್ಸ್ 12-567, ಎರಡು. ಒಂದೊಂದು 900 ಅಶ್ವಶಕ್ತಿ. ಎರಡು ಪ್ರೊಪೆಲ್ಲರ್, ಎರಡು ಚುಕ್ಕಾಣಿ.

---

ಡೀಸೆಲ್ ಶೆಡ್

567 ಅಂದ್ರಾ! ಹಾಗಾದರೆ ಇದು ನಮ್ಮ ಮನೆಯ ಸಂಬಂಧಿಕರೇ.

ರೈಲಿನವರಿಗೆ ಈ ನಂಬರ್ ಗೊತ್ತಿರುತ್ತದೆ. ಒಂದು ಸಿಲಿಂಡರಿನ ಅಳತೆ 567 ಘನ ಅಂಗುಲ, ಅದರಿಂದಲೇ ಆ ಹೆಸರು. ಎರಡು ಸ್ಟ್ರೋಕಿನ ಡೀಸೆಲ್. ಅಮೆರಿಕದಲ್ಲಿ ಉಗಿಬಂಡಿಯನ್ನು ಹಳಿಯಿಂದ ಇಳಿಸಿದ ಎಂಜಿನ್‌ಗಳಲ್ಲಿ ಇದೇ ಮುಂದಿತ್ತು. 1962ರಲ್ಲಿ ಭಾರತೀಯ ರೈಲ್ವೆಗೆ ಬಂದ ಡಬ್ಲ್ಯುಡಿಎಂ-4 ಲೋಕೋಗಳ ಒಳಗೆ ಇದ್ದದ್ದು 16 ಸಿಲಿಂಡರಿನ 567. ಈ ವಂಶ ಮುಂದೆ 645 ಆಯಿತು, ಆಮೇಲೆ 710. ಹುಬ್ಬಳ್ಳಿ ಶೆಡ್‌ನ ಡಬ್ಲ್ಯುಡಿಜಿ-4 ಗೂಡ್ಸ್ ಎಂಜಿನ್‌ಗಳಲ್ಲಿ ಇರುವುದು ಆ 710.

ಈ ಎಂಜಿನ್‌ನ ಒಂದು ಗುಣ ಹೇಳಲೇಬೇಕು. ಬ್ಲಾಕಿನ ಪಕ್ಕದಲ್ಲಿ ಸಾಲಾಗಿ ಕೈ ಹಾಕುವ ಕಿಂಡಿಗಳಿರುತ್ತವೆ, ಮುಚ್ಚಳ ಬಿಚ್ಚಿದರೆ ಒಳಗೆ ಬೇರಿಂಗ್ ಕಾಣುತ್ತದೆ. ಒಂದು ಸಿಲಿಂಡರ್ ಕೆಟ್ಟರೆ ಅದರ ಹೆಡ್ಡು, ಲೈನರ್, ಪಿಸ್ಟನ್ ಎಲ್ಲವನ್ನೂ ಮೇಲಿನಿಂದ ಎತ್ತಿ ಹೊಸದನ್ನು ಕೂರಿಸಬಹುದು. ಇಡೀ ಎಂಜಿನ್ ಅಲ್ಲಾಡಿಸಬೇಕಿಲ್ಲ. ಹಡಗಿನ ತಳದಲ್ಲಿ, ಕ್ರೇನ್ ಇಲ್ಲದ ಕಡೆ, ಯುದ್ಧದ ನಡುವೆ ಇದು ಎಂಥ ಅನುಕೂಲ ಅಂತ ಕೆಲಸ ಮಾಡಿದವರಿಗೇ ಗೊತ್ತು. ಈ ಹಡಗು ಇನ್ನೂ ಓಡುತ್ತಿದೆ ಅಂದರೆ ಅದರಲ್ಲಿ ಈ ವಿನ್ಯಾಸದ ಪಾಲು ದೊಡ್ಡದು.

---

ಹೊನ್ನಾವರದವ

ಒಂದು ಅನುಮಾನ. ನಮ್ಮ ಕಡೆ ಅಳಿವೆಯ ಹತ್ತಿರ ಮೀನಿನ ಬೋಟು ಮರಳು ಹತ್ತಿದರೆ ಇಡೀ ಊರೇ ಬಂದು ಎಳೆಯಬೇಕು. ಇಷ್ಟು ದೊಡ್ಡ ಹಡಗು ಬೇಕಂತಲೇ ಮರಳು ಹತ್ತುತ್ತದೆ, ಆಮೇಲೆ ತಾನೇ ಇಳಿದು ಹೋಗುತ್ತದೆ ಅಂದರೆ ಹೇಗೆ? ಸಮುದ್ರ ದಾಟುವ ಹಡಗಿಗೆ ಆಳ ಬೇಕಲ್ವಾ?

---

ಎರಡನೇ ಎಂಜಿನಿಯರ್

ಹೊನ್ನಾವರದವರು ಕೇಳಿದ್ದು ಸರಿಯಾದ ಪ್ರಶ್ನೆ. ನಾನು ವ್ಯಾಪಾರಿ ಹಡಗಿನಲ್ಲಿ ಎಂಜಿನ್ ರೂಮ್ ಕೆಲಸ ಮಾಡುವವನು, ಆದ್ದರಿಂದ ಬಲ್ಲಾಸ್ಟ್ (ಹಡಗಿಗೆ ತೂಕ ಕೊಡಲು ತುಂಬುವ ನೀರು) ವಿಷಯ ಬಂದರೆ ಸುಮ್ನೆ ಇರಲಾರೆ.

1941ರ ನವೆಂಬರ್‌ನಲ್ಲಿ ಬ್ರಿಟಿಷರು ಅಮೆರಿಕದ ನೌಕಾಪಡೆಯ ಹಡಗು ವಿಭಾಗಕ್ಕೆ ಹೋಗಿ, ಟ್ಯಾಂಕ್ ಹೊತ್ತು ಅಟ್ಲಾಂಟಿಕ್ ದಾಟಿ ಬಂದು ನೇರ ತೀರಕ್ಕೆ ಇಳಿಸುವ ಹಡಗು ಬೇಕು ಅಂದರು. 1940ರಲ್ಲಿ ಫ್ರಾನ್ಸಿನ ಡನ್‌ಕರ್ಕ್‌ನಲ್ಲಿ ಎಲ್ಲ ಸಾಮಾನು ಬಿಟ್ಟು ಬಂದ ಮೇಲೆ ಅವರಿಗೆ ಇದರ ಬೆಲೆ ತಿಳಿದಿತ್ತು. ತೆರೆದ ಸಮುದ್ರಕ್ಕೆ ಆಳವಾದ ಹಡಗು ಬೇಕು, ತೀರಕ್ಕೆ ಮೇಲುಮೇಲಿನ ಹಡಗು ಬೇಕು. ಎರಡೂ ಒಂದರಲ್ಲೇ ಹೇಗೆ? ಜಾನ್ ನೀಡರ್‌ಮೇರ್ ಎಂಬ ವಿನ್ಯಾಸಕಾರ ಕೆಲವೇ ಗಂಟೆಗಳಲ್ಲಿ ಒಂದು ಚಿತ್ರ ಬರೆದ. ಉತ್ತರ ನೀರಿನಲ್ಲೇ ಇತ್ತು. ಹಡಗಿನ ತಳದಲ್ಲಿ ದೊಡ್ಡ ದೊಡ್ಡ ಟ್ಯಾಂಕಿಗಳು. ಸಮುದ್ರದಲ್ಲಿ ಹೋಗುವಾಗ ಅವುಗಳಲ್ಲಿ ಸಮುದ್ರದ ನೀರನ್ನೇ ತುಂಬಿಸಿ ಹಡಗನ್ನು ಕೆಳಗೆ ಕೂರಿಸು. ತೀರ ಹತ್ತಿರ ಬಂದಾಗ ಪಂಪು ಹಾಕಿ ನೀರು ಹೊರಗೆ ಚೆಲ್ಲು. ಆಗ ಮೂತಿ ಬರೀ 4 ಅಡಿ ನೀರಿನಲ್ಲಿ, ಹಿಂಭಾಗ ಸುಮಾರು 10 ಅಡಿ ನೀರಿನಲ್ಲಿ ನಿಲ್ಲುತ್ತದೆ. ಹಡಗಿನ ಇಳಿಜಾರೂ ತೀರದ ಇಳಿಜಾರೂ ಹೊಂದುತ್ತವೆ. ತಳ ಮೊರದ ಹಾಗೆ ಚಪ್ಪಟೆ.

ಈಗ ಮರಳು ಹತ್ತುವ ಕ್ರಮ. ತೀರ ಇನ್ನೂ ದೂರ ಇರುವಾಗಲೇ ಹಿಂಭಾಗದಿಂದ ಒಂದು ಲಂಗರು ಬಿಡುತ್ತಾರೆ. ಅದಕ್ಕೆ ಕಟ್ಟಿದ ಉಕ್ಕಿನ ಹಗ್ಗ ವಿಂಚಿನಿಂದ (ಹಗ್ಗ ಸುತ್ತುವ ಯಂತ್ರ) ಬಿಚ್ಚಿಕೊಳ್ಳುತ್ತಾ ಹೋಗುತ್ತದೆ, ಹಡಗು ಮುಂದೆ ಹೋಗಿ ಮರಳಿಗೆ ಮುಟ್ಟುತ್ತದೆ. ಮೂತಿಯ ಎರಡು ಬಾಗಿಲು ಎರಡು ಕಡೆಗೆ ತೆರೆಯುತ್ತವೆ, ಸರಪಳಿ ಮೇಲೆ ರ‍್ಯಾಂಪ್ ಇಳಿಯುತ್ತದೆ. ಎಂಜಿನ್ ನಿಲ್ಲಿಸುವ ಹಾಗಿಲ್ಲ, ಮೆಲ್ಲಗೆ ಮುಂದೆ ಒತ್ತುತ್ತಲೇ ಇರಬೇಕು. ಇಲ್ಲದಿದ್ದರೆ ಅಲೆ ಬಂದು ಹಡಗನ್ನು ತೀರಕ್ಕೆ ಅಡ್ಡ ತಿರುಗಿಸಿಬಿಡುತ್ತದೆ. ಖಾಲಿ ಆದ ಮೇಲೆ ಭರತ ಬರುವಾಗ ಎಂಜಿನ್ ಹಿಂದಕ್ಕೆ, ಹಿಂದಿನ ಲಂಗರಿನ ಹಗ್ಗವನ್ನು ವಿಂಚಿನಿಂದ ಬಿಗಿ. ಹಡಗು ತನ್ನನ್ನು ತಾನೇ ಎಳೆದುಕೊಂಡು ನೀರಿಗೆ ಬರುತ್ತದೆ.

ಟ್ಯಾಂಕ್ ಡೆಕ್ ಒಳಗೆ ಒಂದು ತೊಂದರೆ ಇತ್ತು. ಮುಚ್ಚಿದ ಉಕ್ಕಿನ ಕೋಣೆಯಲ್ಲಿ ಇಪ್ಪತ್ತು ಟ್ಯಾಂಕ್ ಒಟ್ಟಿಗೆ ಎಂಜಿನ್ ಹಚ್ಚಿದರೆ ಹೊಗೆ ಎಲ್ಲಿ ಹೋಗಬೇಕು? ಜನ ಸಾಯುತ್ತಾರೆ. ಇದನ್ನು ಪರೀಕ್ಷೆ ಮಾಡಲು ಸಮುದ್ರದಿಂದ ಬಹುದೂರ, ಕೆಂಟಕಿಯ ಫೋರ್ಟ್ ನಾಕ್ಸ್‌ನಲ್ಲಿ ಒಂದು ಟ್ಯಾಂಕ್ ಡೆಕ್‌ನ ನಕಲನ್ನೇ ಕಟ್ಟಡವಾಗಿ ಕಟ್ಟಿದರು. ಒಳಗೆ ಟ್ಯಾಂಕ್ ಓಡಿಸಿ, ಫ್ಯಾನ್ ಎಷ್ಟು ಬೇಕು ಅಂತ ಅಳೆದರು. ಹಡಗಿನ ಮೇಲ್ಡೆಕ್ಕಿನಲ್ಲಿ ಕಾಣುವ ಗಾಳಿ ಕೊಳವೆಗಳ ಹಿಂದೆ ಇರುವ ಕೆಲಸ ಅದು.

---

ಹೊನ್ನಾವರದವ

ಈಗ ಅರ್ಥ ಆಯ್ತು. ಹಿಂದಿನ ಲಂಗರೇ ಜೀವ ಅನ್ನಿ. ನಾರ್ಮಂಡಿಯಲ್ಲಿ ಭರತ ಇಳಿತ ಎಷ್ಟು?

---

ಎರಡನೇ ಎಂಜಿನಿಯರ್

ಆರೇಳು ಮೀಟರ್ ತನಕ ಹೋಗುತ್ತದೆ. ನಮ್ಮ ಕಾರವಾರ, ಮಂಗಳೂರಿನಲ್ಲಿ ಎರಡು ಮೀಟರ್ ಕಂಡರೆ ಜಾಸ್ತಿ. ಅಲ್ಲಿ ಇಳಿತದಲ್ಲಿ ನೀರು ಎಷ್ಟೋ ನೂರು ಮೀಟರ್ ಹಿಂದೆ ಸರಿದು, ಹಡಗು ಪೂರ್ತಿ ಒಣ ಮರಳಿನ ಮೇಲೆ ಕೂತುಬಿಡುತ್ತದೆ. ಬೆನ್ನು ಮುರಿದೀತು ಅಂತ ಮೊದಲು ಹೆದರಿದ್ದರು. ಕೂರಿಸಿ ನೋಡಿದರು, ಏನೂ ಆಗಲಿಲ್ಲ. ಆಮೇಲೆ ಅದೇ ಅಭ್ಯಾಸ ಆಯಿತು. ಜೂನ್ 19ರಿಂದ ಬೀಸಿದ ಬಿರುಗಾಳಿ ಒಮಾಹಾದ ಕೃತಕ ಬಂದರನ್ನು ಹೊಡೆದು ಹಾಕಿದ ಮೇಲಂತೂ ಬಹಳಷ್ಟು ಸಾಮಾನು ಇಳಿದದ್ದು ಹೀಗೆ ಒಣಗಿ ಕೂತ ಎಲ್‌ಎಸ್‌ಟಿಗಳಿಂದಲೇ. ಕೋಟಿಗಟ್ಟಲೆ ಖರ್ಚಿನ ಬಂದರು ಹೋಯಿತು, ಈ ಹಡಗುಗಳು ಉಳಿದವು.

---

ಇತಿಹಾಸದ ಮೇಡಂ

ಹಡಗಿನ ಗುಣಗಾನದ ಜೊತೆಗೆ ಇದನ್ನೂ ಹೇಳಬೇಕು. ನಿಧಾನ ಹೋಗುವ ಈ ಹಡಗುಗಳು ಒಳ್ಳೆಯ ಗುರಿಯೂ ಆಗಿದ್ದವು, ನಾವಿಕರೇ ಹಾಗೆ ಹೇಳಿಕೊಳ್ಳುತ್ತಿದ್ದರು. 1944ರ ಏಪ್ರಿಲ್ 28ರ ಬೆಳಗಿನ ಜಾವ ಇಂಗ್ಲೆಂಡಿನ ಲೈಮ್ ಕೊಲ್ಲಿಯಲ್ಲಿ ನಡೆದದ್ದನ್ನು ನಾನು ತರಗತಿಯಲ್ಲಿ ಪ್ರತಿ ವರ್ಷ ಹೇಳುತ್ತೇನೆ. ನಾರ್ಮಂಡಿಗೆ ತಾಲೀಮು ನಡೆಯುತ್ತಿತ್ತು. ಎಂಟು ಎಲ್‌ಎಸ್‌ಟಿಗಳ ಸಾಲು ಸ್ಲಾಪ್ಟನ್ ತೀರದ ಕಡೆ ಹೋಗುತ್ತಿತ್ತು. ಕಾವಲಿಗೆ ಬರಬೇಕಾಗಿದ್ದ ಎರಡು ಹಡಗುಗಳಲ್ಲಿ ಒಂದು ಅಪಘಾತವಾಗಿ ಬಂದರಿನಲ್ಲೇ ಉಳಿದಿತ್ತು. ಜರ್ಮನರ ವೇಗದ ಟಾರ್ಪಿಡೊ ದೋಣಿಗಳು ನುಗ್ಗಿದವು. 507 ಮತ್ತು 531 ಮುಳುಗಿದವು, 289 ಹಾನಿಗೊಂಡು ಹೇಗೋ ಬಂದರು ಸೇರಿತು. ಸತ್ತವರು 749 ಎಂದು ಲೆಕ್ಕ.

ಎಷ್ಟೋ ಜನ ಗುಂಡಿನಿಂದ ಸತ್ತವರಲ್ಲ. ಜೀವರಕ್ಷಕ ಪಟ್ಟಿಯನ್ನು ಕಂಕುಳ ಕೆಳಗೆ ಕಟ್ಟಬೇಕಿತ್ತು. ಹೇಗೆ ಅಂತ ಅವರಿಗೆ ಸರಿಯಾಗಿ ಹೇಳಿಕೊಟ್ಟಿರಲಿಲ್ಲ. ಬೆನ್ನ ಮೇಲೆ ಚೀಲ ಇದ್ದದ್ದರಿಂದ ಸೊಂಟಕ್ಕೆ ಕಟ್ಟಿಕೊಂಡರು. ನೀರಿಗೆ ಹಾರಿದಾಗ ಸೊಂಟ ಮೇಲೆ ಬಂತು, ತಲೆ ಕೆಳಗೆ ಹೋಯಿತು. ಒಂದು ಪಟ್ಟಿ ಕಟ್ಟುವುದನ್ನು ಕಲಿಸಲು ಎಷ್ಟು ಹೊತ್ತು ಬೇಕಿತ್ತು ಹೇಳಿ.

---

ಮಡಿಕೇರಿ ಮಂಜು

ಮೇಡಂ ಬರೆದದ್ದು ಓದಿ ಸ್ವಲ್ಪ ಹೊತ್ತು ಏನೂ ತೋಚಲಿಲ್ಲ.

ನಮ್ಮ ಕಡೆಯ ಒಂದು ಕೊಂಡಿ ಸೇರಿಸುತ್ತೇನೆ. ಎಲ್‌ಎಸ್‌ಟಿಗಳು ಎಲ್ಲರಿಗೂ ಸಾಲುತ್ತಿರಲಿಲ್ಲ, ಯಾರಿಗೆ ಎಷ್ಟು ಅನ್ನುವುದರ ಮೇಲೆ ಇಡೀ ಯುದ್ಧದ ಲೆಕ್ಕ ನಿಂತಿತ್ತು. ದಕ್ಷಿಣ ಫ್ರಾನ್ಸ್ ದಾಳಿಯನ್ನು ನಾರ್ಮಂಡಿಯ ಜೊತೆಗೇ ಮಾಡಬೇಕು ಅಂತಿದ್ದರು. ಹಡಗು ಸಾಲದೆ ಅದು ಆಗಸ್ಟ್ 15ಕ್ಕೆ ಹೋಯಿತು. ಜಪಾನಿಯರ ಕೈಯಲ್ಲಿದ್ದ ನಮ್ಮ ಅಂಡಮಾನ್ ದ್ವೀಪಗಳ ಮೇಲೆ ಇಳಿಯುವ ಯೋಜನೆ 1943ರ ಕೊನೆಗೆ ರದ್ದಾದದ್ದೂ ಇದೇ ಕಾರಣಕ್ಕೆ. ಹಿಂದೂ ಮಹಾಸಾಗರದಲ್ಲಿದ್ದ ಇಳಿಗಡ (ಸೈನ್ಯವನ್ನು ತೀರಕ್ಕೆ ಇಳಿಸುವ) ಹಡಗುಗಳನ್ನು ಯೂರೋಪಿನ ಕಡೆ ಕಳಿಸಿಬಿಟ್ಟರು. ಪೋರ್ಟ್ ಬ್ಲೇರ್‌ನ ಜನ ಜಪಾನಿಯರ ಕೈಯಲ್ಲಿ 1945ರವರೆಗೂ ನರಳಬೇಕಾಯಿತು.

ಹಾಗಾಗಿ ಬರ್ಮಾದಲ್ಲಿ ಹೋರಾಡಿದ ನಮ್ಮ ಸೈನಿಕರಿಗೆ ಸಿಕ್ಕದ್ದು ಹೆಚ್ಚಾಗಿ ಸಣ್ಣ ದೋಣಿಗಳು. 1945ರ ಜನವರಿಯಲ್ಲಿ ಅರಾಕಾನಿನ ಕಾಂಗಾವ್ ಕದನ ಓದಿ ನೋಡಿ. ಮ್ಯಾಂಗ್ರೋವ್ ಕಾಡಿನ ನಡುವಿನ ಕೆಸರು ಕಾಲುವೆಗಳಲ್ಲಿ ದೋಣಿ ನುಗ್ಗಿಸಿಕೊಂಡು ಹೋಗಿ ಜಪಾನಿಯರ ಹಿಂದಿನ ದಾರಿ ಕಡಿಯಬೇಕಿತ್ತು. 25ನೇ ಭಾರತೀಯ ಡಿವಿಷನ್ನಿನ 51ನೇ ಬ್ರಿಗೇಡ್ ಅಲ್ಲಿ ಇಳಿಯಿತು. ಅದರ ಮೂರು ಬೆಟಾಲಿಯನ್‌ಗಳಿಗೂ ಭಾರತೀಯ ಕಮಾಂಡರುಗಳೇ. ಒಬ್ಬರು ಥೋರಾಟ್, ಒಬ್ಬರು ಸೇನ್, ಇನ್ನೊಬ್ಬರು ನಮ್ಮ ಕೊಡಗಿನ ತಿಮ್ಮಯ್ಯ. ಆ ಕಾಲಕ್ಕೆ ಅದು ದೊಡ್ಡ ಮಾತು. ಮಡಿಕೇರಿಯಲ್ಲಿ ಅವರ ಮನೆ ಈಗ ಮ್ಯೂಸಿಯಂ ಆಗಿದೆ, ಹೋದವರು ಬರ್ಮಾದ ಭಾಗವನ್ನು ಬಿಡದೆ ನೋಡಿ.

---

ಎರಡನೇ ಎಂಜಿನಿಯರ್

ಮಂಜು ಅವರೇ, ಅದೇ 25ನೇ ಡಿವಿಷನ್ 1945ರ ಸೆಪ್ಟೆಂಬರ್ 9ರಂದು ಮಲಯಾದ ಮೋರಿಬ್ ತೀರದಲ್ಲಿ ಇಳಿಯಿತು. ಜಪಾನ್ ಆಗಲೇ ಶರಣಾಗಿತ್ತು. ಎದುರು ಒಂದು ಗುಂಡೂ ಹಾರಲಿಲ್ಲ. ಆದರೂ ಲಾರಿಗಳು ಕೆಸರಿನಲ್ಲಿ ಹೂತು, ನೀರು ನುಗ್ಗಿ ಕೆಟ್ಟು ನಿಂತವು. ತೀರದ ಮಣ್ಣನ್ನು ಸರಿಯಾಗಿ ಅಳೆದಿರಲಿಲ್ಲ. ಜಪಾನಿಯರು ಕಾದು ಕೂತಿದ್ದಿದ್ದರೆ ಏನಾಗುತ್ತಿತ್ತು ಅಂತ ಯೋಚಿಸಿದರೆ ಮೈ ನಡುಗುತ್ತದೆ.

---

ಕಾರವಾರದ ಅಲೆ

ಇದೇ ತಪ್ಪು 1971ರ ಬಾಂಗ್ಲಾ ಯುದ್ಧದಲ್ಲೂ ಆಯಿತು. ಕಾಕ್ಸ್ ಬಜಾರ್ ಹತ್ತಿರ ನಮ್ಮ ನೌಕಾಪಡೆಯ ಘರಿಯಾಲ್, ಗುಲ್ದಾರ್ ಎಂಬ ರಷ್ಯಾ ಕಡೆಯ ಇಳಿಗಡ ಹಡಗುಗಳು ಗೂರ್ಖಾ ಸೈನಿಕರನ್ನು ಇಳಿಸಲು ಹೋದವು. ತೀರ ಸೇರುವ ಮೊದಲೇ ಮರಳು ದಿಬ್ಬಕ್ಕೆ ಮೂತಿ ತಗುಲಿತು. ದಿಬ್ಬದ ಆಚೆ ಮತ್ತೆ ಆಳ. ಮೊದಲು ಇಳಿದವರಲ್ಲಿ ಕೆಲವರು ಭಾರದ ಸಾಮಾನಿನ ಜೊತೆ ಮುಳುಗಿ ಹೋದರು. ಉಳಿದವರನ್ನು ಕೊನೆಗೆ ಊರಿನ ದೋಣಿಗಳಲ್ಲಿ ದಾಟಿಸಬೇಕಾಯಿತು.

ನಮ್ಮ ಮೀನುಗಾರರನ್ನು ಕೇಳಿ ನೋಡಿ. ಮಳೆಗಾಲ ಮುಗಿದ ಮೇಲೆ ದಿಬ್ಬ ಎಲ್ಲಿದೆ ಅಂತ ಪ್ರತಿ ವರ್ಷ ಹೊಸದಾಗಿ ತಿಳಿದುಕೊಳ್ಳುತ್ತಾರೆ, ಹಳೆಯ ಗುರುತು ನಂಬುವುದಿಲ್ಲ. ತೀರದಲ್ಲಿ ಹಡಗು ಹತ್ತಿಸುವವರಿಗೆ ಇದಕ್ಕಿಂತ ಮುಖ್ಯವಾದ ವಿದ್ಯೆ ಇಲ್ಲ.

---

ನೆಮ್ಮದಿ

ಎಲ್ಲರೂ ತುಂಬ ಓದಿಕೊಂಡಿದ್ದೀರಿ. ಆದರೆ ಒಂದು ಮಾತು ಮನಸ್ಸಿನಿಂದ ಕೇಳುತ್ತೇನೆ. ಇದು ಯುದ್ಧಕ್ಕೆ ಜನರನ್ನು ತುಂಬಿಕೊಂಡು ಹೋದ ಹಡಗು. ಇಳಿದವರಲ್ಲಿ ಎಷ್ಟೋ ಜನ ವಾಪಸ್ ಬರಲಿಲ್ಲ. ಇಂಥದ್ದಕ್ಕೆ ಬಣ್ಣ ಬಳಿದು, ಟಿಕೆಟ್ ಇಟ್ಟು, ಮಕ್ಕಳಿಗೆ ತೋರಿಸಿ ಸಂಭ್ರಮಿಸುವುದು ಯಾಕೋ ನನಗೆ ಸರಿ ಅನಿಸುವುದಿಲ್ಲ.

---

ತೀರದ ಹಕ್ಕಿ

ನೀವು ಕೇಳಿದ್ದು ಒಳ್ಳೆಯದಾಯಿತು. ನಾನೂ ಇದನ್ನು ಯೋಚಿಸಿದ್ದೇನೆ.

ಈ ಹಡಗು ಹೋಗುವಾಗ ಏನು ತುಂಬಿಕೊಂಡಿತ್ತು ಅಂತ ನೋಡಿದರೆ ನಿಮ್ಮ ಮಾತು ನಿಜ. ಬರುವಾಗ ಏನಿತ್ತು ಅಂತಲೂ ನೋಡಿ. ನಾರ್ಮಂಡಿಯ ತೀರದಿಂದ ಎಲ್‌ಎಸ್‌ಟಿಗಳು ವಾಪಸ್ ತಂದ ಗಾಯಾಳುಗಳು 41,035. ಟ್ಯಾಂಕ್ ಇಳಿದು ಹೋದ ಅದೇ ಡೆಕ್ಕಿನ ಎರಡು ಗೋಡೆಗೂ ಸ್ಟ್ರೆಚರ್ ನೇತು ಹಾಕುತ್ತಿದ್ದರು. ಹೊಗೆ ಎಳೆಯಲು ಇಟ್ಟ ಫ್ಯಾನ್‌ಗಳು ಈಗ ಗಾಯಾಳುಗಳಿಗೆ ಗಾಳಿ ಕೊಡುತ್ತಿದ್ದವು. ಹಡಗಿನಲ್ಲೇ ಆಪರೇಷನ್ ನಡೆಯುತ್ತಿತ್ತು.

325ರ ಮಟ್ಟಿಗೆ ಇನ್ನೊಂದು ದಿನ ಇದೆ. 1944ರ ಡಿಸೆಂಬರ್ 28. ಎಂಪೈರ್ ಜಾವೆಲಿನ್ ಎಂಬ ಸೈನಿಕರ ಹಡಗು ಇಂಗ್ಲೆಂಡಿನಿಂದ ಫ್ರಾನ್ಸಿಗೆ ಹೋಗುತ್ತಾ ಸ್ಫೋಟಕ್ಕೆ ಸಿಕ್ಕಿತು. ಅದರ ಮೇಲೆ 1,400ಕ್ಕೂ ಹೆಚ್ಚು ಜನ. ಡಿಸೆಂಬರ್ ಚಳಿ, ಎದ್ದ ಸಮುದ್ರ. ಒಂದು ಫ್ರೆಂಚ್ ಯುದ್ಧನೌಕೆ ಮೊದಲು ಪಕ್ಕಕ್ಕೆ ಬಂದು ಜನರನ್ನು ಹತ್ತಿಸಿಕೊಂಡಿತು. 325 ಅದರ ಪಕ್ಕಕ್ಕೆ ಬಂತು. ಅಲೆಯಲ್ಲಿ ಎರಡು ಹಡಗು ಒಂದಕ್ಕೊಂದು ಬಡಿದುಕೊಳ್ಳುವಾಗ ಒಂದರಿಂದ ಇನ್ನೊಂದಕ್ಕೆ ಜನರನ್ನು ದಾಟಿಸುವುದು ಹುಡುಗಾಟ ಅಲ್ಲ, ನಡುವೆ ಬಿದ್ದರೆ ಮುಗಿಯಿತು. ಸುಮಾರು 700 ಜನರನ್ನು ಹಾಗೆ ಉಳಿಸಿತು. ಜಾವೆಲಿನ್ ಮುಳುಗಿತು. 325ರ ಕಮಾಂಡರ್ ಕ್ಲಿಫರ್ಡ್ ಮೋಜರ್ ಅವರಿಗೆ ಇದಕ್ಕಾಗಿ ಕಂಚಿನ ನಕ್ಷತ್ರ ಪದಕ ಬಂತು.

ಇದೆಲ್ಲ ಗೊತ್ತಾಗಬೇಕಾದರೆ ಹಡಗು ಕಣ್ಣ ಮುಂದೆ ಇರಬೇಕು ಅನ್ನುವುದು ನನ್ನ ಅಭಿಪ್ರಾಯ. ಕರಗಿಸಿ ಕಬ್ಬಿಣ ಮಾಡಿದ್ದರೆ ನಾವು ಇಲ್ಲಿ ಮಾತಾಡುತ್ತಲೇ ಇರಲಿಲ್ಲ.

---

ನೆಮ್ಮದಿ

ಗಾಯಾಳುಗಳ ವಿಷಯ ಗೊತ್ತಿರಲಿಲ್ಲ. ಆ ಭಾಗವನ್ನು ಮಕ್ಕಳಿಗೆ ಮೊದಲು ಹೇಳಬೇಕು ಅಂತ ನನ್ನ ಆಸೆ. ಸಂಭ್ರಮದ ಬಗ್ಗೆ ಮಾತ್ರ ನನ್ನ ಅನಿಸಿಕೆ ಬದಲಾಗಿಲ್ಲ.

---

ತೀರದ ಹಕ್ಕಿ

ಯುದ್ಧ ಮುಗಿದ ಮೇಲಿನ ಕಥೆಗೆ ಬರುತ್ತೇನೆ.

1945ರ ಮೇನಲ್ಲಿ ಬೆಲ್‌ಫಾಸ್ಟ್‌ನಿಂದ ಅಮೆರಿಕಕ್ಕೆ ಹೊರಟಿತು. ದಾರಿಯಲ್ಲಿ ದೊಡ್ಡ ಬಿರುಗಾಳಿ. ಒಂದು ಭಾರಿ ಅಲೆಗೆ ಮೂತಿ ಕೊಟ್ಟಾಗ ಮೇಲ್ಡೆಕ್ಕೇ ಅಡ್ಡಕ್ಕೆ ಬಿರುಕು ಬಿಟ್ಟಿತು. ಬಿರುಕು ಬೆಳೆದರೆ ಹಡಗು ಎರಡು ತುಂಡು. ಸಮುದ್ರ ಕುದಿಯುತ್ತಿರುವಾಗಲೇ ಹಡಗಿನ ಕೆಲಸಗಾರರು ಡೆಕ್ಕಿನ ಮೇಲೆ ಉಕ್ಕಿನ ತುಂಡುಗಳನ್ನು ವೆಲ್ಡ್ ಮಾಡಿ ಹಿಡಿದು ನಿಲ್ಲಿಸಿದರು. ಜರ್ಮನರ ಬಾಂಬಿಗೆ ಸಿಗದ ಹಡಗು ಮನೆಗೆ ಹೋಗುವ ದಾರಿಯಲ್ಲಿ ಹೋಗಿಬಿಡುತ್ತಿತ್ತು. ಒಟ್ಟು ಲೆಕ್ಕದಲ್ಲೂ ಹಾಗೇ: ಶತ್ರುವಿನಿಂದ ಹೋದ ಎಲ್‌ಎಸ್‌ಟಿ 26, ಗಾಳಿ, ಬಂಡೆ, ಅಪಘಾತದಿಂದ 13.

1946ರ ಜುಲೈ 2ರಂದು ಫ್ಲಾರಿಡಾದ ಗ್ರೀನ್ ಕೋವ್ ಸ್ಪ್ರಿಂಗ್ಸ್‌ನಲ್ಲಿ ಸೇವೆಯಿಂದ ಇಳಿಸಿದರು. 1950ರ ದಶಕದಲ್ಲಿ ಮತ್ತೆ ಕರೆದು ಕೆನಡಾ, ಗ್ರೀನ್‌ಲ್ಯಾಂಡ್ ಕಡೆಯ ಹಿಮದ ನಾಡಿನಲ್ಲಿ ರೇಡಾರ್ ಕೇಂದ್ರ ಕಟ್ಟಲು ಸಾಮಾನು ಹೊರಿಸಿದರು. 1964ರಲ್ಲಿ ಗ್ರೀಸ್ ನೌಕಾಪಡೆಗೆ ಕೊಟ್ಟರು. ಅಲ್ಲಿ ಮೊದಲ ಸಲ ಇದಕ್ಕೆ ಒಂದು ಹೆಸರು ಸಿಕ್ಕಿತು: ಸಿರೋಸ್, ಒಂದು ದ್ವೀಪದ ಹೆಸರು. 1999ರವರೆಗೆ ದುಡಿಯಿತು. ಅಮೆರಿಕದ ಕೈಯಲ್ಲಿದ್ದದ್ದಕ್ಕಿಂತ ಜಾಸ್ತಿ ವರ್ಷ ಗ್ರೀಕರ ಕೈಯಲ್ಲಿತ್ತು. ಇದು ಉಳಿದದ್ದು ಅವರ ದೆಸೆಯಿಂದ. ಅಮೆರಿಕದವರು ಬರೆಯುವಾಗ ಈ ಮೂವತ್ತೈದು ವರ್ಷವನ್ನು ಒಂದು ಸಾಲಿನಲ್ಲಿ ದಾಟಿಬಿಡುತ್ತಾರೆ, ಅದು ನನಗೆ ಬೇಜಾರು.

2000ದಲ್ಲಿ ಅಮೆರಿಕದ ಹಳೆಯ ಎಲ್‌ಎಸ್‌ಟಿ ನಾವಿಕರ ಗುಂಪೊಂದು ಕ್ರೀಟ್ ದ್ವೀಪದ ಸೌದಾ ಕೊಲ್ಲಿಗೆ ಹೋಗಿ ಹಡಗನ್ನು ಕೈಗೆ ತೆಗೆದುಕೊಂಡಿತು. ಬಿಸಿಲಿನಲ್ಲಿ ತಿಂಗಳುಗಟ್ಟಲೆ ಕೂತು ರಿಪೇರಿ. ನವೆಂಬರ್ 14ರಂದು ಹೊರಟರು. ಸುಮಾರು 30 ಜನ, ಸರಾಸರಿ ವಯಸ್ಸು 72. ಯುದ್ಧದ ಕಾಲದಲ್ಲಿ ಇದೇ ಹಡಗಿಗೆ ನೂರಕ್ಕೂ ಹೆಚ್ಚು ಹುಡುಗರು ಬೇಕಾಗಿತ್ತು! ಕ್ಯಾಪ್ಟನ್ ರಾಬರ್ಟ್ ಜಾರ್ನ್‌ಲಿನ್. ಜಿಬ್ರಾಲ್ಟರ್‌ನಲ್ಲಿ ನಿಂತು, ಚಳಿಗಾಲದ ಅಟ್ಲಾಂಟಿಕ್ ದಾಟಿ, 6,500 ಮೈಲಿ ಬಂದು 2001ರ ಜನವರಿ 10ರಂದು ಅಲಬಾಮಾದ ಮೊಬೈಲ್ ಬಂದರು ಸೇರಿದರು.

---

ಡೀಸೆಲ್ ಶೆಡ್

72 ವಯಸ್ಸಿನಲ್ಲಿ ಎಂಜಿನ್ ರೂಮಿನ ಏಣಿ ಹತ್ತಿ ಇಳಿಯುವುದೇ ಕಷ್ಟ. ಆ ಸೆಕೆ, ಆ ಸದ್ದು. ರಾತ್ರಿ ಪಾಳಿ ಬೇರೆ. ಕೈ ಮುಗಿಯುತ್ತೇನೆ.

---

ಇಂಡಿಯಾನಾ ಕನ್ನಡಿಗ

ಈ ಚರ್ಚೆ ಇವತ್ತು ಕಣ್ಣಿಗೆ ಬಿತ್ತು. ಹಡಗು ಈಗ ಇರುವುದು ಇಂಡಿಯಾನಾದ ಎವನ್ಸ್‌ವಿಲ್‌ನಲ್ಲಿ, ಒಹಾಯೊ ನದಿಯ ದಡದಲ್ಲಿ. 2005ರಿಂದ ಅಲ್ಲೇ ನೆಲೆ. ಸಮುದ್ರದಿಂದ ಇಷ್ಟು ದೂರ ಯಾಕೆ ಅಂತ ಎಲ್ಲರೂ ಕೇಳುತ್ತಾರೆ. ಯುದ್ಧದ ಕಾಲದಲ್ಲಿ ಸಮುದ್ರ ತೀರದ ಹಡಗುಕಟ್ಟೆಗಳೆಲ್ಲ ದೊಡ್ಡ ಹಡಗುಗಳಲ್ಲಿ ತುಂಬಿಹೋಗಿದ್ದವು. ಅದಕ್ಕೇ ಹೆಚ್ಚಿನ ಎಲ್‌ಎಸ್‌ಟಿಗಳನ್ನು ಜೋಳದ ಹೊಲಗಳ ನಡುವೆ, ನದಿ ದಡದಲ್ಲಿ ಕಟ್ಟಿದರು. ಸೇತುವೆ ಕಟ್ಟುತ್ತಿದ್ದ ಕಂಪನಿಗಳು ಹಡಗು ಕಟ್ಟಿದವು. ಎವನ್ಸ್‌ವಿಲ್ ಒಂದರಲ್ಲೇ 167. ಕಟ್ಟಿದವರಲ್ಲಿ ಹೆಂಗಸರು ಬಹಳ, ವೆಲ್ಡಿಂಗ್ ಮಾಡುತ್ತಿದ್ದವರಲ್ಲೂ ಅವರಿದ್ದರು. 325 ಅಲ್ಲಿ ಹುಟ್ಟಿದ್ದಲ್ಲ, ಆದರೂ ಊರಿನವರು ಸ್ವಂತ ಅಂತಲೇ ನೋಡಿಕೊಳ್ಳುತ್ತಾರೆ.

ನಾನು ಮನೆಯವರ ಜೊತೆ ಹೋಗಿದ್ದೆ. ಟ್ಯಾಂಕ್ ಡೆಕ್ ಒಳಗೆ ಕಾಲಿಟ್ಟಾಗ ಮೊದಲು ಗಮನಕ್ಕೆ ಬಂದದ್ದು ನೆಲ. ಉದ್ದಕ್ಕೂ ಸಾಲು ಸಾಲಾಗಿ ನಾಲ್ಕು ಎಸಳಿನ ಹೂವಿನ ಆಕಾರದ ಗುಳಿಗಳು. ಸರಪಳಿಯ ಕೊಕ್ಕೆ ಅದರಲ್ಲಿ ಹಾಕಿ ಟ್ಯಾಂಕುಗಳನ್ನು ಬಿಗಿಯುತ್ತಿದ್ದರು. ಬಿಗಿಯದಿದ್ದರೆ ಮೂವತ್ತು ಟನ್ನಿನ ಟ್ಯಾಂಕ್ ಅಲೆಯ ಹೊಡೆತಕ್ಕೆ ಜಾರಿ ಹಡಗಿನ ಗೋಡೆಯನ್ನೇ ಒಡೆಯುತ್ತದೆ. ಬೆರಳಿಟ್ಟು ನೋಡಿದೆ, ಅಂಚು ಸವೆದು ನುಣ್ಣಗಾಗಿದೆ. ನನ್ನ ಮಗಳು ಪ್ರತಿ ಗುಳಿಯ ಮೇಲೂ ಕಾಲಿಟ್ಟು ನಡೆದಳು. ಮೂತಿಯ ಕಡೆ ನಿಂತು ಹಿಂದೆ ನೋಡಿದರೆ ಮೂವತ್ತು ಅಡಿ ಅಗಲದ ಆ ಉಕ್ಕಿನ ಹಜಾರ ದೂರದವರೆಗೆ ಹೋಗುತ್ತದೆ. ನೆಮ್ಮದಿ ಅವರೇ, ಅಲ್ಲಿ ನಿಂತಾಗ ಸಂಭ್ರಮ ಏನೂ ಅನಿಸುವುದಿಲ್ಲ. ಯಾರೂ ಜೋರಾಗಿ ಮಾತಾಡುತ್ತಿರಲಿಲ್ಲ.

ಒಂದು ವಿಷಯ: ಶರತ್ಕಾಲದಲ್ಲಿ ಹಡಗು ನದಿಯಲ್ಲಿ ಬೇರೆ ಊರುಗಳಿಗೆ ಯಾತ್ರೆ ಹೋಗುತ್ತದೆ. ಹೋಗುವ ಮೊದಲು ವೇಳಾಪಟ್ಟಿ ನೋಡಿಕೊಳ್ಳಿ, ಇಲ್ಲದಿದ್ದರೆ ಖಾಲಿ ಕಟ್ಟೆ ನೋಡಿ ವಾಪಸ್ ಬರಬೇಕಾಗುತ್ತದೆ.

---

ಇತಿಹಾಸದ ಮೇಡಂ

ಇಲ್ಲೇ ನನ್ನ ತಕರಾರು. ಎಂಬತ್ತು ವರ್ಷ ದಾಟಿದ ಉಕ್ಕನ್ನು ಯಾಕೆ ಓಡಿಸಬೇಕು? ಒಂದು ಅಪಘಾತ ಆದರೆ ಇಡೀ ದಾಖಲೆಯೇ ಹೋಗುತ್ತದೆ. ತಾಳೆಗರಿಯನ್ನು ನಾವು ದಿನಾ ಬಿಡಿಸಿ ಓದುತ್ತೇವಾ? ಕಟ್ಟಿ ನಿಲ್ಲಿಸಿ, ಜೋಪಾನ ಮಾಡಿ, ಮುಂದಿನವರಿಗೆ ಕೊಡಿ.

---

ಎರಡನೇ ಎಂಜಿನಿಯರ್

ಮೇಡಂ, ನಿಮ್ಮ ಭಯ ಅರ್ಥವಾಗುತ್ತದೆ. ಆದರೆ ನೀರಿನಲ್ಲಿ ನಿಂತ ಹಡಗು ಜೋಪಾನವಾಗಿ ಇರುವುದಿಲ್ಲ. ನಿಂತಲ್ಲೇ ತಳ ಕೊರೆಯುತ್ತದೆ. ಪೈಪಿನಲ್ಲಿ ನೀರು ನಿಂತರೆ ಒಳಗಿನಿಂದ ತುಕ್ಕು. ವಾಲ್ವ್ ತಿರುಗಿಸದಿದ್ದರೆ ಕಚ್ಚಿಕೊಳ್ಳುತ್ತದೆ. ಓಡಿಸುವ ಹಡಗನ್ನು ಒಣಕಟ್ಟೆಗೆ ಎತ್ತಿ ತಟ್ಟೆಯ ದಪ್ಪ ಅಳೆಯುತ್ತಾರೆ, ಓಡಿಸಬೇಕು ಅನ್ನುವ ಕಾರಣಕ್ಕೇ ಹಣವೂ ಕೂಡುತ್ತದೆ.

ಇನ್ನೊಂದು, ಕೈಕೆಲಸದ ತಿಳಿವಳಿಕೆ. ಬಲ್ಲಾಸ್ಟ್ ಯಾವ ಕ್ರಮದಲ್ಲಿ ತೆಗೆಯಬೇಕು, ಯಾವ ಪಂಪು ತಕರಾರು ಮಾಡುತ್ತದೆ, 567 ಚಳಿಯಲ್ಲಿ ಹೇಗೆ ಹಿಡಿಯುತ್ತದೆ, ಇದೆಲ್ಲ ಪುಸ್ತಕದಲ್ಲಿ ಪೂರ್ತಿ ಬರುವುದಿಲ್ಲ. ಹಳಬರು ಪಕ್ಕದಲ್ಲಿ ನಿಂತು ಹೊಸಬರಿಗೆ ತೋರಿಸಬೇಕು. 2000ದ ಆ ಮುದುಕರು ತಂದದ್ದು ಬರೀ ಉಕ್ಕಲ್ಲ, ಈ ತಿಳಿವಳಿಕೆಯನ್ನೂ.

---

ಇತಿಹಾಸದ ಮೇಡಂ

ಎರಡನೇ ಮಾತು ಒಪ್ಪುತ್ತೇನೆ. ಮೊದಲನೆಯದಕ್ಕೆ ಒಣ ನೆಲದ ಮೇಲೆ ನಿಲ್ಲಿಸುವ ದಾರಿಯೂ ಇದೆ. ಕಾರವಾರದ ಟಾಗೋರ್ ಕಡಲ ತೀರದಲ್ಲಿ ಐಎನ್‌ಎಸ್ ಚಪಲ್ ನಿಲ್ಲಿಸಿಲ್ವಾ?

---

ಕಾರವಾರದ ಅಲೆ

ನಿಲ್ಲಿಸಿದ್ದಾರೆ. ಶಾಲೆ ಮಕ್ಕಳು ಹತ್ತಿ ಇಳಿದು ನೋಡುತ್ತಾರೆ, ಖುಷಿಯ ವಿಷಯ. ಅದು ಸಣ್ಣ ಕ್ಷಿಪಣಿ ದೋಣಿ, ಆದ್ದರಿಂದ ಆಗುತ್ತದೆ. ಆದರೂ ಉಪ್ಪು ಗಾಳಿ ಯಾರನ್ನೂ ಬಿಡುವುದಿಲ್ಲ ಮೇಡಂ. ಬಣ್ಣ ಬಳಿಯುತ್ತಲೇ ಇರಬೇಕು. ಎಂಜಿನ್ ಹೇಗೆ ಗುಡುಗುತ್ತಿತ್ತು ಅಂತ ಮಕ್ಕಳು ಕೇಳಿದರೆ ತೋರಿಸಲು ಆಗುವುದಿಲ್ಲ, ಅಷ್ಟೇ ಕೊರಗು.

---

ಹೊನ್ನಾವರದವ

1,051ರಲ್ಲಿ ಇದೊಂದೇ ಉಳಿದಿರೋದಾ?

---

ತೀರದ ಹಕ್ಕಿ

ಇಲ್ಲ. ಮಿಷಿಗನ್‌ನ ಮಸ್ಕೀಗನ್‌ನಲ್ಲಿ 393 ಮ್ಯೂಸಿಯಂ ಆಗಿ ನಿಂತಿದೆ. ಅದೂ ಸಿಸಿಲಿ, ನಾರ್ಮಂಡಿ ಕಂಡದ್ದು.

510ರ ಕಥೆ ನನಗೆ ಬಹಳ ಇಷ್ಟ. ನಾರ್ಮಂಡಿಗೆ ಹೋಗಿ ಬಂದ ಆ ಹಡಗು ಆಮೇಲೆ ಕೇಪ್ ಹೆನ್ಲೋಪೆನ್ ಅಂತ ಹೆಸರು ಬದಲಿಸಿಕೊಂಡು ಕನೆಕ್ಟಿಕಟ್ ಮತ್ತು ಲಾಂಗ್ ಐಲ್ಯಾಂಡ್ ನಡುವೆ ಕಾರು ದಾಟಿಸುವ ಫೆರ್ರಿ ಆಯಿತು. ನ್ಯೂಯಾರ್ಕ್ ಕಡೆಯ ಕನ್ನಡಿಗರಲ್ಲಿ ಎಷ್ಟೋ ಜನ ತಿಳಿಯದೆಯೇ ಅದರ ಟ್ಯಾಂಕ್ ಡೆಕ್ಕಿನಲ್ಲಿ ಕಾರು ನಿಲ್ಲಿಸಿರಬಹುದು.

ಇನ್ನೊಂದು ಸುದ್ದಿಯಲ್ಲೇ ಇದೆ. ದಕ್ಷಿಣ ಚೀನಾ ಸಮುದ್ರದ ಸೆಕೆಂಡ್ ಥಾಮಸ್ ದಿಬ್ಬದ ಮೇಲೆ ಫಿಲಿಪೀನ್ಸ್ 1999ರಲ್ಲಿ ಬೇಕಂತಲೇ ಹತ್ತಿಸಿ ಕೂರಿಸಿದ ತುಕ್ಕು ಹಿಡಿದ ಸಿಯೆರಾ ಮಾದ್ರೆ ಹಡಗನ್ನು ನೋಡಿರುತ್ತೀರಿ. ಅದು 821ನೇ ಎಲ್‌ಎಸ್‌ಟಿ, ಎವನ್ಸ್‌ವಿಲ್‌ನಲ್ಲೇ ಕಟ್ಟಿದ್ದು. ಅದರ ಮೇಲೆ ಸೈನಿಕರನ್ನು ಇಟ್ಟು, ಈ ಜಾಗ ನಮ್ಮದು ಅಂತ ಫಿಲಿಪೀನ್ಸ್ ಹಕ್ಕು ಹಿಡಿದು ಕೂತಿದೆ. ಅವರಿಗೆ ಅಕ್ಕಿ, ನೀರು ಒಯ್ಯುವ ದೋಣಿಗಳನ್ನು ಚೀನಾದವರು ತಡೆಯುವ ಗಲಾಟೆ ಆಗಾಗ ಓದುತ್ತೇವೆ.

---

ಕಾರವಾರದ ಅಲೆ

ಹಾಗಾದರೆ ನಮ್ಮ ನೌಕಾಪಡೆಯ ಮೊದಲ ಮಗರ್ ಹಡಗು ಕೂಡ ಇದೇ ವಂಶವಾ?

---

ತೀರದ ಹಕ್ಕಿ

ದೊಡ್ಡಪ್ಪನ ಮಗ ಅನ್ನಬಹುದು. ಬ್ರಿಟಿಷರು ತಾವೇ ಕಟ್ಟಿದ ಎಲ್‌ಎಸ್‌ಟಿ ಮಾದರಿ 3 ಅದು. ಅವೆಂಜರ್ ಅಂತ ಇದ್ದದ್ದು 1949ರಲ್ಲಿ ನಮಗೆ ಬಂದು ಮಗರ್ ಆಯಿತು. ಡೀಸೆಲ್ ಸಿಗದ ಕಾರಣ ಆ ಮಾದರಿಗೆ ಉಗಿ ಎಂಜಿನ್ ಹಾಕಿದ್ದರು. ಅದೇ ಹೆಸರಿನ ಎರಡನೇ ಮಗರ್ ಕೋಲ್ಕತ್ತಾದಲ್ಲಿ ಕಟ್ಟಿದ್ದು. 2020ರಲ್ಲಿ ಕೊರೋನಾ ಸಮಯದಲ್ಲಿ ಮಾಲ್ಡೀವ್ಸ್‌ನಿಂದ ನಮ್ಮವರನ್ನು ಕೊಚ್ಚಿಗೆ ಕರೆತಂದ ಹಡಗುಗಳಲ್ಲಿ ಅದೂ ಒಂದು. 2023ರ ಮೇ 6ರಂದು ಕೊಚ್ಚಿಯಲ್ಲೇ ನಿವೃತ್ತಿ ಆಯಿತು.

ಎರಡು ಮಗರ್‌ಗಳಿಗೂ ಬೇರೆ ಚರ್ಚೆ ಬೇಕು, ಇಲ್ಲಿ ತುರುಕುವುದು ಬೇಡ. ಕಾರವಾರದವರೇ, ನೀವೇ ಶುರು ಮಾಡಿ. ಕಾರವಾರದ ಕದಂಬ ನೌಕಾನೆಲೆಯಲ್ಲಿ ಇಳಿಗಡ ಹಡಗುಗಳಲ್ಲಿ ಕೆಲಸ ಮಾಡಿ ನಿವೃತ್ತರಾದವರು ನಿಮ್ಮ ಸುತ್ತಮುತ್ತ ಇರುತ್ತಾರೆ, ಮರಳು ಹತ್ತಿಸುವ ಕೆಲಸ ಹೇಗಿತ್ತು ಅಂತ ಅವರ ಬಾಯಿಂದಲೇ ಬರೆಸಿ.